ಬಲಗಡೆ ಲೇನ್ ಸ್ಪೀಡ್ ಲೇನ್ ಅಲ್ಲ: ಯಾವ ಲೇನ್‌ನಲ್ಲಿ ಯಾವಾಗ ಇರಬೇಕು?

ಹೆದ್ದಾರಿಯಲ್ಲಿ ಯಾವ ಲೇನ್‌ನಲ್ಲಿ ಹೋಗುತ್ತೀರಿ ಎಂದು ಯಾರನ್ನಾದರೂ ಕೇಳಿ ನೋಡಿ. "ಸ್ಪೀಡಾಗಿ ಹೋಗೋದಾದ್ರೆ ಬಲಗಡೆ, ನಿಧಾನಕ್ಕಾದ್ರೆ ಎಡಗಡೆ" ಅನ್ನುತ್ತಾರೆ. ಹೊಸದಾಗಿ ಡಿಎಲ್ ಮಾಡಿಸಿದವರಷ್ಟೇ ಅಲ್ಲ, ವರ್ಷಗಟ್ಟಲೆ ಓಡಿಸಿದವರೂ ಇದನ್ನೇ ಹೇಳುತ್ತಾರೆ. ಅವರ ತಪ್ಪೂ ಅಲ್ಲ ಬಿಡಿ. ಡ್ರೈವಿಂಗ್ ಸ್ಕೂಲಿನಲ್ಲಿ ಎಂಟು ಹಾಕುವುದು, ರಿವರ್ಸ್ ತೆಗೆಯುವುದು ಕಲಿಸುತ್ತಾರೆ. ಲೇನ್ ವಿಷಯಕ್ಕೆ ಬರುವಷ್ಟರಲ್ಲಿ ಟೆಸ್ಟ್ ಮುಗಿದಿರುತ್ತದೆ.

ನಿಯಮ ಹೇಳುವುದೇ ಬೇರೆ. ನಮ್ಮ ದೇಶದಲ್ಲಿ ಗಾಡಿಯ ಜಾಗ ಎಡಗಡೆ. ಬಲಕ್ಕೆ ಹೋಗಬೇಕಾದರೆ ಒಂದು ಕಾರಣ ಬೇಕು. ಮುಂದಿನ ಗಾಡಿಯನ್ನು ದಾಟಬೇಕು, ಬಲಕ್ಕೆ ತಿರುಗಬೇಕು, ಇಲ್ಲವೇ ಯೂ ಟರ್ನ್ ಮಾಡಬೇಕು. ಆ ಕೆಲಸ ಮುಗಿದ ಕೂಡಲೇ ಮತ್ತೆ ಎಡಕ್ಕೆ ಬರಬೇಕು. ನೀವು ಎಷ್ಟು ವೇಗದಲ್ಲಿದ್ದೀರಿ ಅನ್ನುವುದು ಇಲ್ಲಿ ಲೆಕ್ಕಕ್ಕಿಲ್ಲ. ನೂರರಲ್ಲಿ ಹೋಗುತ್ತಿದ್ದರೂ ಎಡ ಲೇನ್ ಖಾಲಿ ಇದ್ದರೆ ನೀವು ಇರಬೇಕಾದದ್ದು ಎಡ ಲೇನ್‌ನಲ್ಲೇ.

ಲೇನ್ ಆಯ್ಕೆ ಎಂದರೆ "ನಾನು ಮುಂದೆ ಏನು ಮಾಡಬೇಕು" ಅನ್ನುವ ಪ್ರಶ್ನೆಗೆ ಉತ್ತರ. ಕೆಳಗೆ ಬರೆದಿರುವುದೆಲ್ಲ ಆ ಒಂದು ಪ್ರಶ್ನೆಯ ಸುತ್ತಲೇ ಇದೆ.

ಮೊದಲು ಗೆರೆ ಓದಲು ಕಲಿಯಿರಿ

ತುಂಡು ತುಂಡಾದ ಗೆರೆ ಇದ್ದರೆ, ಜಾಗ ನೋಡಿಕೊಂಡು ದಾಟಬಹುದು. ಉದ್ದಕ್ಕೂ ಒಂದೇ ಗೆರೆ ಎಳೆದಿದ್ದರೆ ದಾಟಬಾರದು. ಜೋಡಿ ಗೆರೆ ಇದ್ದರಂತೂ ಓವರ್‌ಟೇಕ್ ಮಾಡುವ ಯೋಚನೆಯನ್ನೇ ಬಿಡಿ. ಕೆಲವು ಕಡೆ ಜೋಡಿ ಗೆರೆಯಲ್ಲಿ ಒಂದು ಉದ್ದ, ಇನ್ನೊಂದು ತುಂಡು ಇರುತ್ತದೆ. ಆಗ ನಿಮ್ಮ ಪಕ್ಕಕ್ಕಿರುವ ಗೆರೆ ಯಾವುದೋ ಅದನ್ನು ಪಾಲಿಸಬೇಕು. ನಿಮ್ಮ ಕಡೆ ತುಂಡು ಗೆರೆ ಇದ್ದರೆ ನೀವು ದಾಟಬಹುದು, ಎದುರಿನವರು ದಾಟಬಾರದು.

ಈ ಗೆರೆಗಳನ್ನು ಸುಮ್ನೆ ಎಳೆದಿರುವುದಿಲ್ಲ. ತಿರುವು, ಏರು, ಸೇತುವೆ, ಜಂಕ್ಷನ್ ಹತ್ತಿರ ಬಂದಾಗ ತುಂಡು ಗೆರೆ ಉದ್ದ ಗೆರೆಯಾಗುತ್ತದೆ. ಅಂದರೆ ಮುಂದೆ ಏನೋ ಇದೆ, ನಿಮಗಿನ್ನೂ ಕಾಣುತ್ತಿಲ್ಲ ಎಂದು ರಸ್ತೆಯೇ ಹೇಳುತ್ತಿದೆ. ರಾತ್ರಿ, ಗೊತ್ತಿಲ್ಲದ ಊರಿನ ರಸ್ತೆಯಲ್ಲಿ ಈ ಸೂಚನೆಗೆ ಬೆಲೆ ಜಾಸ್ತಿ.

ಜಂಕ್ಷನ್ ಹತ್ತಿರ ನೆಲದ ಮೇಲೆ ಬಿಳಿ ಬಾಣಗಳಿರುತ್ತವೆ. ನಿಮ್ಮ ಲೇನ್‌ನಲ್ಲಿ ಬಲಕ್ಕೆ ತಿರುಗುವ ಬಾಣ ಮಾತ್ರ ಇದ್ದರೆ ಆ ಲೇನ್‌ನಿಂದ ನೇರ ಹೋಗುವ ಹಾಗಿಲ್ಲ. ಕಷ್ಟ ಏನೆಂದರೆ, ಸಿಗ್ನಲ್‌ನಲ್ಲಿ ಗಾಡಿಗಳು ನಿಂತ ಮೇಲೆ ಬಾಣ ಕಾಣುವುದೇ ಇಲ್ಲ. ಅದಕ್ಕೇ ದೂರದಿಂದಲೇ ನೋಡಿಕೊಳ್ಳಬೇಕು.

ಡಿವೈಡರ್ ಇಲ್ಲದ ಎರಡು ಲೇನ್ ರಸ್ತೆ

ತಾಲ್ಲೂಕು ಊರುಗಳ ನಡುವಿನ ಹೆಚ್ಚಿನ ರಸ್ತೆಗಳು ಇಂಥವೇ. ಹೋಗುವುದಕ್ಕೆ ಒಂದು ಲೇನ್, ಬರುವುದಕ್ಕೆ ಒಂದು. ಇಲ್ಲಿ ಆಯ್ಕೆ ಏನೂ ಇಲ್ಲ, ಎಡ ಲೇನ್ ಮಾತ್ರ ನಿಮ್ಮದು. ಬಲಗಡೆ ಲೇನ್ ಎದುರಿನವರದು. ಓವರ್‌ಟೇಕ್ ಮಾಡುವಾಗ ಅವರಿಂದ ಸ್ವಲ್ಪ ಹೊತ್ತು ಸಾಲ ತೆಗೆದುಕೊಳ್ಳುತ್ತೀರಿ, ಅಷ್ಟೇ.

ಎಷ್ಟು ಹೊತ್ತು? ಲೆಕ್ಕ ಹಾಕೋಣ. ಮುಂದಿನ ಲಾರಿ ಗಂಟೆಗೆ 60 ಕಿ.ಮೀ. ವೇಗದಲ್ಲಿದೆ, ನೀವು 80ರಲ್ಲಿದ್ದೀರಿ ಅಂದುಕೊಳ್ಳಿ. ವ್ಯತ್ಯಾಸ 20. ಅಂದರೆ ಸೆಕೆಂಡಿಗೆ ಐದೂವರೆ ಮೀಟರ್ ಮಾತ್ರ. ಹಿಂದಿನ ಅಂತರ, ಲಾರಿಯ ಉದ್ದ, ಮುಂದೆ ಬಿಡುವ ಜಾಗ ಎಲ್ಲ ಸೇರಿ 60 ಮೀಟರ್ ಎಂದರೂ ಸುಮಾರು 11 ಸೆಕೆಂಡ್ ನೀವು ಎದುರು ಲೇನ್‌ನಲ್ಲಿರುತ್ತೀರಿ. ಅಷ್ಟರಲ್ಲಿ ನೀವು 240 ಮೀಟರ್ ಮುಂದೆ ಹೋಗಿರುತ್ತೀರಿ. ಎದುರಿನಿಂದ ಬಸ್ಸೊಂದು 80ರಲ್ಲಿ ಬರುತ್ತಿದ್ದರೆ ಅದೂ 240 ಮೀಟರ್ ಹತ್ತಿರ ಬಂದಿರುತ್ತದೆ. ಹತ್ತಿರ ಹತ್ತಿರ ಅರ್ಧ ಕಿಲೋಮೀಟರ್ ಖಾಲಿ ರಸ್ತೆ ಕಣ್ಣಿಗೆ ಕಾಣದಿದ್ದರೆ ಆ ಓವರ್‌ಟೇಕ್ ಬೇಡ. ಹಗಲಲ್ಲಿ ಅರ್ಧ ಕಿಲೋಮೀಟರ್ ನೇರ ರಸ್ತೆ ಎಷ್ಟು ಸಲ ಸಿಗುತ್ತದೆ ಎಂದು ಮುಂದಿನ ಸಲ ಗಮನಿಸಿ. ನಾವು ಅಂದುಕೊಂಡಷ್ಟು ಸಿಗುವುದಿಲ್ಲ.

ಇನ್ನೊಂದು ವಿಷಯ. ಮುಂದಿನ ಲಾರಿಯವರು ಎಡ ಇಂಡಿಕೇಟರ್ ಹಾಕಿದರೆ "ಹೋಗು" ಎಂದೂ, ಬಲ ಇಂಡಿಕೇಟರ್ ಹಾಕಿದರೆ "ಬೇಡ, ಎದುರಿಗೆ ಗಾಡಿ ಇದೆ" ಎಂದೂ ಅರ್ಥ ಮಾಡಿಕೊಳ್ಳುವ ರೂಢಿ ನಮ್ಮ ರಸ್ತೆಗಳಲ್ಲಿದೆ. ಒಳ್ಳೆಯ ಮನಸ್ಸಿನ ಸಂಕೇತವೇ. ಆದರೆ ಎಡ ಇಂಡಿಕೇಟರ್ ಹಾಕಿದವರು ನಿಜಕ್ಕೂ ಎಡಕ್ಕೆ ನಿಲ್ಲಿಸಲು ಹೊರಟಿರಬಹುದು, ಬಲ ಹಾಕಿದವರು ನಿಜಕ್ಕೂ ಬಲಕ್ಕೆ ತಿರುಗಬಹುದು. ಆ ಬೆಳಕನ್ನು ನಂಬಿ ಹೊರಡಬೇಡಿ. ನಿಮ್ಮ ಕಣ್ಣಿಗೆ ರಸ್ತೆ ಕಂಡರೆ ಮಾತ್ರ ಹೋಗಿ.

ನಾಲ್ಕು ಲೇನ್ ಹೆದ್ದಾರಿ: ನಿಜವಾದ ತಲೆನೋವು ಇಲ್ಲಿ

ಡಿವೈಡರ್ ಇದೆ, ನಿಮ್ಮ ಕಡೆ ಎರಡು ಲೇನ್. ಎಡದ್ದು ಓಡಿಸಲು, ಬಲದ್ದು ದಾಟಲು. ಬೀದಿ ನಲ್ಲಿಯಲ್ಲಿ ಕೊಡ ತುಂಬಿದವರು ಪಕ್ಕಕ್ಕೆ ಸರಿಯುತ್ತಾರಲ್ಲ, ಹಾಗೆ ದಾಟಿದವರು ಸರಿಯಬೇಕು. ಸರಿಯದಿದ್ದರೆ ಹಿಂದೆ ಸಾಲು ಬೆಳೆಯುತ್ತದೆ, ಎಲ್ಲರೂ ಎಡಗಡೆಯಿಂದ ನುಗ್ಗಲು ಶುರು ಮಾಡುತ್ತಾರೆ.

ದಾಟುವ ಕ್ರಮ ಹೀಗೆ:

1. ಮುಂದಿನ ಗಾಡಿಗೆ ತೀರಾ ಹತ್ತಿರ ಹೋಗುವ ಮೊದಲೇ ನಿರ್ಧಾರ ಮಾಡಿ. ಲಾರಿಯ ಬಾಲಕ್ಕೆ ಅಂಟಿಕೊಂಡ ಮೇಲೆ ಮುಂದಿನ ರಸ್ತೆ ಕಾಣುವುದಿಲ್ಲ.
2. ನಡುವಿನ ಕನ್ನಡಿ ನೋಡಿ, ಆಮೇಲೆ ಬಲಗಡೆ ಕನ್ನಡಿ ನೋಡಿ. ಹಿಂದಿನಿಂದ ನಿಮಗಿಂತ ವೇಗವಾಗಿ ಬರುತ್ತಿರುವವರು ಇದ್ದರೆ ಅವರನ್ನು ಮೊದಲು ಬಿಡಿ.
3. ಇಂಡಿಕೇಟರ್ ಹಾಕಿ. ಸ್ಟೇರಿಂಗ್ ತಿರುಗಿಸುತ್ತಾ ಹಾಕುವುದಲ್ಲ. ಅದಕ್ಕೂ ಮೊದಲು, ಎರಡು ಮೂರು ಸಲ ಮಿನುಗಿದ ಮೇಲೆ ಹೊರಡಿ.
4. ಕನ್ನಡಿಗೆ ಕಾಣದ ಜಾಗವೊಂದಿರುತ್ತದೆ, ನಿಮ್ಮ ಬಲ ಭುಜದ ಹಿಂದೆ. ಒಂದು ಕ್ಷಣ ತಲೆ ತಿರುಗಿಸಿ ಅಲ್ಲಿ ಬೈಕ್ ಇಲ್ಲ ಎಂದು ಖಚಿತ ಮಾಡಿಕೊಳ್ಳಿ.
5. ನಿಧಾನವಾಗಿ ಬಲ ಲೇನ್‌ಗೆ ಬನ್ನಿ. ಲಾರಿಯ ಪಕ್ಕದಲ್ಲಿ ಜಾಸ್ತಿ ಹೊತ್ತು ಇರಬೇಡಿ. ಅದರ ಡ್ರೈವರ್‌ಗೆ ನೀವು ಅಲ್ಲಿ ಕಾಣುವುದಿಲ್ಲ.
6. ದಾಟಿದ ಗಾಡಿ ಪೂರ್ತಿಯಾಗಿ ನಿಮ್ಮ ನಡುವಿನ ಕನ್ನಡಿಯಲ್ಲಿ ಕಂಡ ಮೇಲೆ ಎಡ ಇಂಡಿಕೇಟರ್ ಹಾಕಿ ಎಡ ಲೇನ್‌ಗೆ ವಾಪಸ್ ಬನ್ನಿ.

ಆರನೇ ಹೆಜ್ಜೆಯನ್ನು ಹೆಚ್ಚಿನವರು ಮರೆಯುತ್ತಾರೆ. ಇಡೀ ಸಮಸ್ಯೆ ಇರುವುದೇ ಅಲ್ಲಿ.

ಇಷ್ಟೆಲ್ಲ ಓದಿ ಬೆಂಗಳೂರಿನಿಂದ ಹುಬ್ಬಳ್ಳಿ ಕಡೆಗೆ ಹೊರಟರೆ ತುಮಕೂರು ದಾಟುವ ಮೊದಲೇ ನೀವು ನಗುತ್ತೀರಿ. ಬಲ ಲೇನ್‌ನಲ್ಲಿ ಲೋಡ್ ತುಂಬಿದ ಲಾರಿ ಆರಾಮಾಗಿ ಹೋಗುತ್ತಿರುತ್ತದೆ. ಅವರನ್ನು ಬೈಯುವ ಮೊದಲು ಅವರ ಕಡೆಯಿಂದಲೂ ನೋಡಬೇಕು. ಎಡ ಲೇನ್‌ನಲ್ಲಿ ಏನಿದೆ? ರಾಂಗ್ ಸೈಡ್ ಬರುವ ಬೈಕು, ಮೇವು ತುಂಬಿದ ಟ್ರ್ಯಾಕ್ಟರ್, ಹತ್ತಿರದ ಹಳ್ಳಿಯ ಆಟೋ, ಡಾಬಾ ಮುಂದೆ ಅರ್ಧ ರಸ್ತೆಯಲ್ಲಿ ನಿಂತ ಲಾರಿ. ಭಾರ ಹೊತ್ತ ಗಾಡಿ ಒಮ್ಮೆ ನಿಂತರೆ ಮತ್ತೆ ವೇಗ ಹಿಡಿಯಲು ಬಹಳ ಹೊತ್ತು ಬೇಕು, ಡೀಸೆಲ್ಲೂ ಬೇಕು. ಹಾಗಾಗಿ ಅಡ್ಡಿ ಕಡಿಮೆ ಇರುವ ಬಲ ಲೇನ್ ಹಿಡಿಯುತ್ತಾರೆ. ಇದು ಸರಿ ಎಂದಲ್ಲ. ಎಡ ಲೇನ್ ಖಾಲಿ ಮಾಡಿಸದೆ ಬರೀ ಲಾರಿಯವರಿಗೆ ದಂಡ ಹಾಕಿದರೆ ಇದು ಸರಿ ಹೋಗುವುದಿಲ್ಲ ಅನ್ನುವುದು ನನ್ನ ಅಭಿಪ್ರಾಯ.

ಲಾರಿಯೊಂದು ಇನ್ನೊಂದು ಲಾರಿಯನ್ನು ದಾಟುವ ದೃಶ್ಯವೂ ಗೊತ್ತಲ್ವಾ? ಒಂದು 60ರಲ್ಲಿ, ಇನ್ನೊಂದು 62ರಲ್ಲಿ. ದಾಟಿ ಮುಗಿಸಲು ಎರಡು ನಿಮಿಷದ ಹತ್ತಿರ ಬೇಕು, ಅಷ್ಟರಲ್ಲಿ ಎರಡೂ ಸುಮಾರು 1.8 ಕಿ.ಮೀ. ಹೋಗಿರುತ್ತವೆ. ಹಿಂದೆ ಇರುವ ನೀವು ಮಾಡಬಹುದಾದದ್ದು ಕಾಯುವುದು ಮಾತ್ರ. ಹೆಡ್‌ಲೈಟ್ ಒಮ್ಮೆ ಮಿನುಗಿಸಿ, ನೀವಿದ್ದೀರಿ ಎಂದು ತಿಳಿಸಿ ಸಾಕು.

ಬಲ ಲೇನ್‌ನವರು ಸರಿಯದೇ ಹೋದರೆ ಎಡಗಡೆಯಿಂದ ದಾಟಬಹುದೇ? ಮುಂದಿನ ಗಾಡಿ ಬಲಕ್ಕೆ ತಿರುಗುವ ಸೂಚನೆ ಕೊಟ್ಟು ರಸ್ತೆ ಮಧ್ಯಕ್ಕೆ ಸರಿದಿದ್ದರೆ ಎಡದಿಂದ ಹೋಗಬಹುದು. ಉಳಿದಂತೆ ಓವರ್‌ಟೇಕ್ ಸಾಮಾನ್ಯವಾಗಿ ಬಲದಿಂದಲೇ. ರೂಢಿಯಲ್ಲಿ ಎಲ್ಲರೂ ಎಡದಿಂದ ಹೋಗುತ್ತಾರೆ ಎಂದು ನನಗೂ ಗೊತ್ತು. ಅಪಾಯ ಎಲ್ಲಿದೆ ಎಂದರೆ, ಬಲ ಲೇನ್‌ನ ಲಾರಿ ಎಡ ಲೇನ್‌ನ ಮುಂದಿನ ಭಾಗವನ್ನು ನಿಮ್ಮ ಕಣ್ಣಿಗೆ ಮರೆ ಮಾಡಿರುತ್ತದೆ. ಅಲ್ಲಿ ಹಿಂದಿನ ಲೈಟ್ ಇಲ್ಲದ ಟ್ರೈಲರ್ ನಿಂತಿರಬಹುದು. ರಾತ್ರಿಯಂತೂ ಆ ಕೆಲಸಕ್ಕೆ ಹೋಗಲೇಬೇಡಿ.

ಬೆಂಗಳೂರು–ಮೈಸೂರು ಹೆದ್ದಾರಿ

2023ರ ಮಾರ್ಚ್‌ನಲ್ಲಿ ಉದ್ಘಾಟನೆಯಾದ ಈ ರಸ್ತೆಯಲ್ಲಿ ಮುಖ್ಯ ಹೆದ್ದಾರಿ ಆರು ಲೇನ್, ಅಂದರೆ ಒಂದೊಂದು ಕಡೆ ಮೂರು. ಪಕ್ಕದಲ್ಲಿ ಸರ್ವಿಸ್ ರೋಡ್ ಬೇರೆ. ಅದೇ ವರ್ಷ ಆಗಸ್ಟ್ 1ರಿಂದ ಬೈಕ್, ಆಟೋ, ಟ್ರ್ಯಾಕ್ಟರ್‌ಗಳಿಗೆ ಮುಖ್ಯ ಹೆದ್ದಾರಿಯಲ್ಲಿ ಪ್ರವೇಶ ಇಲ್ಲ. ಹಾಗಾಗಿ ಎಡ ಲೇನ್ ಬಿಡಲು ಮೇಲೆ ಹೇಳಿದ ನೆಪಗಳು ಇಲ್ಲಿ ನಡೆಯುವುದಿಲ್ಲ.

ಲಾರಿ, ಬಸ್ಸು ಮತ್ತು ನಿಧಾನ ಹೋಗುವವರು ಎಡ ಲೇನ್. ಅವರನ್ನು ಒಂದರ ಹಿಂದೊಂದು ದಾಟುತ್ತಾ ಹೋಗುವ ಕಾರುಗಳಿಗೆ ನಡುವಿನ ಲೇನ್. ನಡುವಿನವರನ್ನೂ ದಾಟಬೇಕಾದಾಗ ಮಾತ್ರ ಬಲ ಲೇನ್. ಎಡದಿಂದ ಬಲಕ್ಕೆ ಒಂದೇ ಏಟಿಗೆ ಎರಡು ಲೇನ್ ಜಿಗಿಯಬೇಡಿ. ಒಂದು ಬದಲಾಯಿಸಿ, ಅಲ್ಲಿ ನೆಲೆಯಾಗಿ, ಮತ್ತೆ ಕನ್ನಡಿ ನೋಡಿ, ಮತ್ತೆ ಇಂಡಿಕೇಟರ್ ಹಾಕಿ ಇನ್ನೊಂದಕ್ಕೆ ಹೋಗಿ. ಕಾರಿಗೆ ಮಿತಿ ಗಂಟೆಗೆ 100 ಕಿ.ಮೀ., ಅದೂ ಕ್ಯಾಮೆರಾ ಕಣ್ಗಾವಲಿನಲ್ಲಿ. "ನಾನು 100ರಲ್ಲೇ ಇದ್ದೇನೆ, ನನ್ನನ್ನು ಯಾಕೆ ದಾಟಬೇಕು" ಎಂದು ಬಲ ಲೇನ್‌ನಲ್ಲಿ ಕುಳಿತುಕೊಳ್ಳುವುದೂ ತಪ್ಪೇ. ಹಿಂದಿನವರ ವೇಗ ಹಿಡಿಯುವುದು ಪೊಲೀಸರ ಕೆಲಸ, ನಿಮ್ಮದಲ್ಲ. ದಾರಿ ಬಿಡಿ.

100ರಲ್ಲಿ ಗಾಡಿ ಸೆಕೆಂಡಿಗೆ ಸುಮಾರು 28 ಮೀಟರ್ ಹೋಗುತ್ತದೆ. ಮುಂದಿನ ಗಾಡಿ ಒಂದು ಕಂಬ ದಾಟಿದ ಮೇಲೆ ನೀವು ಆ ಕಂಬ ತಲುಪಲು ಮೂರು ಸೆಕೆಂಡ್ ಹಿಡಿಯಬೇಕು. ಅಂದರೆ ಎಂಬತ್ತು ಮೀಟರ್ ಮೇಲ್ಪಟ್ಟ ಅಂತರ. ಮಳೆ ಬಂದರೆ ಅದಕ್ಕಿಂತ ಹೆಚ್ಚು.

ಬಿಡದಿ, ರಾಮನಗರ–ಚನ್ನಪಟ್ಟಣ, ಮದ್ದೂರು, ಮಂಡ್ಯ, ಶ್ರೀರಂಗಪಟ್ಟಣ ಎಲ್ಲದಕ್ಕೂ ಬೈಪಾಸ್ ಇದೆ. ಊರೊಳಗೆ ಹೋಗಬೇಕಾದವರು ಮೊದಲೇ ಎಡಕ್ಕೆ ಬಂದು ಹೊರಹೋಗುವ ದಾರಿ ಹಿಡಿಯಬೇಕು. ಮದ್ದೂರು ವಡೆ ನೆನಪಾಗುವುದು ಬೋರ್ಡ್ ಕಂಡ ಮೇಲೆ ಆಗಬಾರದು. ಹೊರದಾರಿಗೆ ಎರಡು ಕಿಲೋಮೀಟರ್ ಇರುವಾಗಲೇ ಎಡ ಲೇನ್‌ನಲ್ಲಿರಿ. ತಪ್ಪಿ ಹೋಯಿತೇ? ಮುಂದಿನ ಹೊರದಾರಿ ತನಕ ಹೋಗಿ, ತಿರುಗಿ ಬನ್ನಿ. ಹೆದ್ದಾರಿಯಲ್ಲಿ ಬ್ರೇಕ್ ಹಾಕಿ ನಿಲ್ಲುವುದು, ರಿವರ್ಸ್ ತೆಗೆಯುವುದು ಯಾವ ವಡೆಗೂ ಬೇಡ.

ಸರ್ವಿಸ್ ರೋಡ್‌ನಿಂದ ಹೆದ್ದಾರಿಗೆ ಸೇರುವವರು ನೆನಪಿಡಬೇಕಾದದ್ದು: ದಾರಿಯ ಹಕ್ಕು ಹೆದ್ದಾರಿಯಲ್ಲಿರುವವರದು. ಸೇರುವ ಪಟ್ಟಿಯಲ್ಲಿ ವೇಗ ಹೆಚ್ಚಿಸಿಕೊಂಡು, ಬಲಗಡೆ ಕನ್ನಡಿಯಲ್ಲಿ ಜಾಗ ಹುಡುಕಿ, ಎಡ ಲೇನ್‌ಗೆ ಮಾತ್ರ ಸೇರಿ. 30ರಲ್ಲಿ ಸೇರಿ ನೇರ ಬಲ ಲೇನ್‌ಗೆ ಅಡ್ಡ ಹೋಗುವವರಿಂದಲೇ ಜಾಸ್ತಿ ತೊಂದರೆ.

ಊರೊಳಗೆ: ಸಿಗ್ನಲ್ ಬರುವ ಮೊದಲೇ

ಊರಲ್ಲಿ ಲೇನ್ ನಿರ್ಧಾರವಾಗುವುದು ಮುಂದಿನ ತಿರುವಿನಿಂದ. ಎಡಕ್ಕೆ ತಿರುಗುವವರು ಎಡ ಲೇನ್, ಬಲಕ್ಕೆ ಅಥವಾ ಯೂ ಟರ್ನ್‌ಗೆ ಹೋಗುವವರು ಡಿವೈಡರ್ ಪಕ್ಕದ ಲೇನ್, ನೇರ ಹೋಗುವವರು ನಡುವೆ. ಇದನ್ನು ಸಿಗ್ನಲ್‌ಗೆ ಇನ್ನೂರು ಮುನ್ನೂರು ಮೀಟರ್ ಇರುವಾಗಲೇ ಮಾಡಿ ಮುಗಿಸಬೇಕು.

ಫ್ರೀ ಲೆಫ್ಟ್ ಬೋರ್ಡ್ ಇರುವ ಕಡೆ ನೇರ ಹೋಗುವವರು ಎಡ ಲೇನ್‌ನಲ್ಲಿ ನಿಂತರೆ ಹಿಂದಿನವರೆಲ್ಲ ಹಾರ್ನ್ ಒತ್ತುತ್ತಾರೆ. ಒತ್ತಲಿ, ಅದು ನ್ಯಾಯವೇ. ಬೋರ್ಡ್ ಇಲ್ಲದ ಕಡೆ ಕೆಂಪು ದೀಪಕ್ಕೆ ಎಡ ತಿರುವಿನವರೂ ನಿಲ್ಲಬೇಕು.

ತಪ್ಪು ಲೇನ್‌ನಲ್ಲಿ ಸಿಕ್ಕಿಹಾಕಿಕೊಂಡರೆ? ಹಸಿರು ಬಂದಾಗ ಆ ಲೇನ್ ಎಲ್ಲಿಗೆ ಹೋಗುತ್ತದೋ ಅಲ್ಲಿಗೇ ಹೋಗಿ. ಐದು ನಿಮಿಷ ಸುತ್ತು ಬರಬಹುದು, ಅಷ್ಟೇ. ಎಡ ತುದಿಯಿಂದ ಇಡೀ ಸಾಲಿನ ಮುಂದೆ ಅಡ್ಡ ಬಂದು ಬಲಕ್ಕೆ ತಿರುಗುವವರನ್ನು ಬೆಂಗಳೂರಿನಲ್ಲಿ ದಿನಾ ನೋಡುತ್ತೇವೆ. ಅದಕ್ಕೆ ಹಸಾರ್ಡ್ ಲೈಟ್ (ನಾಲ್ಕೂ ಇಂಡಿಕೇಟರ್ ಒಟ್ಟಿಗೆ ಮಿನುಗುವುದು) ಹಾಕಿಕೊಂಡರೆ ಎಲ್ಲ ಮಾಫಿ ಅನ್ನುವ ನಂಬಿಕೆಯೂ ಇದೆ. ಇನ್ನು ಕೆಲವರು ಜಂಕ್ಷನ್‌ನಲ್ಲಿ ನೇರ ಹೋಗಲು ಹಸಾರ್ಡ್ ಹಾಕುತ್ತಾರೆ. ಪಕ್ಕದಿಂದ ನೋಡುವವರಿಗೆ ಒಂದೇ ಬದಿಯ ದೀಪ ಕಾಣುತ್ತದೆ, ಗಾಡಿ ತಿರುಗುತ್ತಿದೆ ಎಂದುಕೊಳ್ಳುತ್ತಾರೆ. ಆ ದೀಪ ಇರುವುದು ಗಾಡಿ ಕೆಟ್ಟು ನಿಂತಾಗ ಹಾಕಲು. ನೇರ ಹೋಗಲು ಯಾವ ದೀಪವೂ ಬೇಡ.

ಫ್ಲೈಓವರ್ ವಿಷಯದಲ್ಲಿ ಹೊಸಬರು ಎಡವುವುದು ಒಂದೇ ಕಡೆ. ನಮ್ಮಲ್ಲಿ ಹೆಚ್ಚಿನ ಫ್ಲೈಓವರ್‌ಗಳು ರಸ್ತೆಯ ನಡುವಿನಿಂದ ಏರುತ್ತವೆ. ಬಲಗಡೆ ಲೇನ್‌ನಲ್ಲಿದ್ದರೆ ಮೇಲೆ ಹೋಗಿಬಿಡುತ್ತೀರಿ. ಕೆಳಗಿನ ಜಂಕ್ಷನ್‌ನಲ್ಲಿ ಬಲಕ್ಕೆ ತಿರುಗಬೇಕಾದವರು ಮೊದಲು ಎಡಕ್ಕೆ ಬಂದು ಕೆಳಗಿನ ರಸ್ತೆ ಹಿಡಿಯಬೇಕು, ಆಮೇಲೆ ಅಲ್ಲಿ ಬಲ ಲೇನ್‌ಗೆ ಹೋಗಬೇಕು. ಬಲ ತಿರುವಿಗೆ ಎಡ ಲೇನ್! ಮ್ಯಾಪ್ ನೋಡಿಕೊಂಡು ಹೋಗುವವರಿಗೆ "ಮುಂದೆ ಬಲಕ್ಕೆ" ಎಂದು ಕೇಳಿಸಿದ ಕೂಡಲೇ ಕೈ ಬಲಕ್ಕೆ ಎಳೆಯುತ್ತದೆ. ಮೇಲಿನ ಬೋರ್ಡ್ ಓದಿ, ಆಮೇಲೆ ಎಳೆಯಿರಿ.

ಸರ್ಕಲ್

ಸಿಗ್ನಲ್ ಇಲ್ಲದ ಸರ್ಕಲ್ ನೋಡಬೇಕೆಂದರೆ ಮೈಸೂರು ನೆನಪಾಗುತ್ತದೆ. ಹಾರ್ಡಿಂಜ್ ಸರ್ಕಲ್‌ನಂಥ ದೊಡ್ಡ ಸರ್ಕಲ್‌ನಲ್ಲಿ ಹಲವು ರಸ್ತೆಗಳು ಸೇರುತ್ತವೆ. ಸುತ್ತುವುದು ಗಡಿಯಾರದ ಮುಳ್ಳಿನ ದಿಕ್ಕಿಗೆ. ಒಳಗೆ ಈಗಾಗಲೇ ಸುತ್ತುತ್ತಿರುವವರು ನಿಮ್ಮ ಬಲಗಡೆಯಿಂದ ಬರುತ್ತಾರೆ, ಅವರಿಗೆ ದಾರಿ ಬಿಟ್ಟು ಒಳಗೆ ಹೋಗಿ. ಮೊದಲ ಎಡ ರಸ್ತೆಗೆ ಹೋಗುವವರು ಹೊರ ಅಂಚಿನಲ್ಲೇ ಇರಿ. ಬಲಕ್ಕೆ ಹೋಗುವವರು ಒಳ ಅಂಚು ಹಿಡಿದು ಸುತ್ತಿ, ನಿಮ್ಮ ರಸ್ತೆಯ ಹಿಂದಿನ ರಸ್ತೆ ದಾಟಿದ ಮೇಲೆ ಎಡ ಇಂಡಿಕೇಟರ್ ಹಾಕಿ ಹೊರಗೆ ಬನ್ನಿ. ಜಾಗ ಸಿಗದಿದ್ದರೆ ಇನ್ನೊಂದು ಸುತ್ತು ಹಾಕಿ, ಯಾರೂ ನಗುವುದಿಲ್ಲ.

ಘಾಟಿ

ಆಗುಂಬೆ ಘಾಟಿಯಂಥ ರಸ್ತೆಯಲ್ಲಿ ಹೇರ್‌ಪಿನ್ ತಿರುವಿನಲ್ಲಿ ಉದ್ದದ ಗಾಡಿಗೆ ಪೂರ್ತಿ ರಸ್ತೆ ಬೇಕಾಗುತ್ತದೆ. ಎದುರಿನಿಂದ ಬಸ್ ಬರುತ್ತಿದ್ದರೆ ತಿರುವಿನೊಳಗೆ ಹೋಗದೆ ಈಚೆಗೇ ನಿಲ್ಲಿ. ಅಗಲ ಸಾಲದ ಕಡೆ ಏರುತ್ತಿರುವ ಗಾಡಿಗೆ ಮೊದಲ ಅವಕಾಶ, ಇಳಿಯುವವರು ಪಕ್ಕಕ್ಕೆ ನಿಲ್ಲಬೇಕು. ಕಾರಣ ಸುಲಭ. ಏರಿನಲ್ಲಿ ನಿಂತ ಗಾಡಿಯನ್ನು ಮತ್ತೆ ಎಳೆಯುವುದು ಕಷ್ಟ, ಹಿಂದಕ್ಕೆ ಜಾರುವ ಭಯವೂ ಇದೆ.

ಬೈಕಿನವರಿಗೆ

ಎಡ ಲೇನ್ ಎಂದರೆ ರಸ್ತೆಯ ಅಂಚಿನ ಮಣ್ಣು ಎಂದಲ್ಲ. ಲೇನ್‌ನ ನಡುವೆ ಹೋಗಿ. ಅಂಚಿನಲ್ಲಿ ಹೋದರೆ ಕಾರಿನವರು ಅದೇ ಲೇನ್‌ನಲ್ಲಿ ನಿಮ್ಮನ್ನು ಉಜ್ಜಿಕೊಂಡು ದಾಟುತ್ತಾರೆ. ಎರಡು ಲೇನ್ ನಡುವಿನ ಬಿಳಿ ಗೆರೆಯ ಮೇಲೆ ಹೋಗುವುದು ಇನ್ನೂ ಕೆಟ್ಟದ್ದು. ಮಳೆಯಲ್ಲಿ ಆ ಬಣ್ಣ ಜಾರುತ್ತದೆ. ಸಿಗ್ನಲ್‌ನಲ್ಲಿ ಎಡಕ್ಕೆ ತಿರುಗಲು ನಿಂತ ಬಸ್ಸು, ಲಾರಿಯ ಎಡಗಡೆ ಸಂದಿಯಲ್ಲಿ ನುಗ್ಗಬೇಡಿ. ತಿರುಗುವಾಗ ಅದರ ಹಿಂದಿನ ಚಕ್ರ ಮುಂದಿನ ಚಕ್ರದ ಜಾಡಿನಲ್ಲಿ ಬರುವುದಿಲ್ಲ, ಒಳಕ್ಕೆ ಕತ್ತರಿಸಿಕೊಂಡು ಬರುತ್ತದೆ.

ಟೋಲ್, ಆಂಬುಲೆನ್ಸ್, ದಂಡ

2021ರ ಫೆಬ್ರವರಿಯಿಂದ ರಾಷ್ಟ್ರೀಯ ಹೆದ್ದಾರಿಯ ಟೋಲ್‌ಗಳಲ್ಲಿ ಎಲ್ಲ ಲೇನ್‌ಗಳೂ ಫಾಸ್ಟ್ಯಾಗ್ ಲೇನ್‌ಗಳೇ. ಸಾಲು ಚಿಕ್ಕದಿದೆ ಎಂದು ಕೊನೇ ಕ್ಷಣದಲ್ಲಿ ಅಡ್ಡ ಹೋಗಬೇಡಿ, ಹಸಿರು ದೀಪ ಇರುವ ಲೇನ್ ದೂರದಿಂದಲೇ ಆರಿಸಿ.

ಆಂಬುಲೆನ್ಸ್ ಸೈರನ್ ಕೇಳಿದರೆ ಇಂಡಿಕೇಟರ್ ಹಾಕಿ ಎಡಕ್ಕೆ ಸರಿಯಿರಿ. ಅದರ ಮುಂದೆ ವೇಗ ಹೆಚ್ಚಿಸಿ ಓಡಬೇಡಿ, ಅದರ ಹಿಂದೆ ಅಂಟಿಕೊಂಡು ದಾರಿ ಮಾಡಿಕೊಳ್ಳಲೂ ಬೇಡಿ. ದಾರಿ ಬಿಡದವರಿಗೆ ಮೋಟಾರು ವಾಹನ ಕಾಯ್ದೆಯ 194ಇ ಕಲಂ ಪ್ರಕಾರ 10,000 ರೂಪಾಯಿ ದಂಡ, ಆರು ತಿಂಗಳವರೆಗೆ ಜೈಲು, ಇಲ್ಲವೇ ಎರಡೂ ಆಗಬಹುದು. 2019ರ ತಿದ್ದುಪಡಿಯ ನಂತರ ರಾಂಗ್ ಸೈಡ್ ಓಡಿಸುವುದು, ನಿಯಮ ಮೀರಿ ಓವರ್‌ಟೇಕ್ ಮಾಡುವುದು ಅಪಾಯಕಾರಿ ಚಾಲನೆಯ 184ನೇ ಕಲಂನಲ್ಲೇ ಸೇರಿವೆ. ಮೊದಲ ಸಲಕ್ಕೆ ದಂಡ 1,000ದಿಂದ 5,000 ರೂಪಾಯಿ, ಜೈಲಿಗೂ ಅವಕಾಶ ಇದೆ.

ವಿದೇಶಕ್ಕೆ ಹೋಗುವವರಿಗೆ

ಬ್ರಿಟನ್, ಸಿಂಗಪುರ, ಆಸ್ಟ್ರೇಲಿಯಾಗೆ ಹೋದರೆ ಎಡ ಬಲ ನಮ್ಮ ಹಾಗೇ. ಅಮೆರಿಕ, ದುಬೈ, ಜರ್ಮನಿಯಲ್ಲಿ ಎಲ್ಲ ಅದಲುಬದಲು. ಓಡಿಸುವುದು ಬಲಗಡೆ, ದಾಟುವ ಲೇನ್ ಎಡಗಡೆ, ಸರ್ಕಲ್ ಸುತ್ತುವುದು ಗಡಿಯಾರಕ್ಕೆ ಉಲ್ಟಾ. ಮುಂದೆ ಗಾಡಿಗಳಿದ್ದರೆ ಅವುಗಳ ಹಿಂದೆ ಹೋಗಿ ಅಭ್ಯಾಸವಾಗುತ್ತದೆ. ಕಷ್ಟವಾಗುವುದು ರಸ್ತೆ ಖಾಲಿ ಇದ್ದಾಗ. ಬೆಳಿಗ್ಗೆ ಪೆಟ್ರೋಲ್ ಬಂಕಿನಿಂದ ಹೊರಗೆ ಬರುವಾಗ, ಪಾರ್ಕಿಂಗ್‌ನಿಂದ ತಿರುಗುವಾಗ ಹಳೇ ರೂಢಿ ಎಡಕ್ಕೇ ಎಳೆಯುತ್ತದೆ. ಹೊರಡುವ ಮೊದಲು ಒಮ್ಮೆ ನೋಡಿಕೊಳ್ಳಿ: ಡ್ರೈವರ್ ಕೂತಿರುವ ಬದಿ ರಸ್ತೆಯ ನಡುವಿನ ಕಡೆಗೆ ಇರಬೇಕು. ಇಲ್ಲಿಯೂ ಹಾಗೇ, ಅಲ್ಲಿಯೂ ಹಾಗೇ. ನೀವು ರಸ್ತೆಯ ಅಂಚಿನ ಕಡೆ ಕೂತಿದ್ದೀರಿ ಎಂದಾದರೆ ತಪ್ಪು ಬದಿಗೆ ತಿರುಗಿದ್ದೀರಿ.